ಮನೆಯ ಪ್ಲಗ್ಗಿನಿಂದ ಬೀದಿಯವರೆಗೆ: ಆನ್ಯೆಸ್ ವಾರ್ದಾ ಅವರ ಸಿನಿಮಾ ಬದುಕು

ಪ್ಯಾರಿಸ್ಸಿನಲ್ಲಿ ರೂ ದಗೇರ್ ಎಂಬ ಒಂದು ಬೀದಿಯಿದೆ. ಫೋಟೋ ತೆಗೆಯುವ ವಿದ್ಯೆಯನ್ನು ಲೋಕಕ್ಕೆ ಕೊಟ್ಟವರಲ್ಲಿ ಒಬ್ಬನಾದ ಲೂಯಿ ದಗೇರನ ಹೆಸರನ್ನೇ ಆ ಬೀದಿಗೆ ಇಟ್ಟಿದ್ದಾರೆ. 1970ರ ದಶಕದಲ್ಲಿ ಅಲ್ಲಿ ಬ್ರೆಡ್ಡಿನ ಅಂಗಡಿ, ಮಾಂಸದಂಗಡಿ, ದರ್ಜಿ, ಗಡಿಯಾರ ರಿಪೇರಿಯವ, ಡ್ರೈವಿಂಗ್ ಸ್ಕೂಲು, ಅಕಾರ್ಡಿಯನ್ ಮಾರುವವ, ಅತ್ತರಿನ ಹಳೆಯ ಅಂಗಡಿ ಎಲ್ಲ ಒಂದರ ಪಕ್ಕ ಒಂದಿದ್ದವು. 86ನೇ ನಂಬರಿನ ಮನೆಯಲ್ಲಿ ಇದ್ದವರು ಸಿನಿಮಾ ನಿರ್ದೇಶಕಿ ಆನ್ಯೆಸ್ ವಾರ್ದಾ. ನಮ್ಮಲ್ಲಿ ಕೆಲವರು ಆಗ್ನೆಸ್ ವರ್ಡಾ ಎಂದೂ ಬರೆಯುತ್ತಾರೆ. 1975ರ ಹೊತ್ತಿಗೆ ಅವರಿಗೆ ನಲವತ್ತಾರು ದಾಟಿತ್ತು. ಹೆಸರು ಮಾಡಿದ ಚಿತ್ರಗಳು ಬೆನ್ನಿಗಿದ್ದವು, ಮನೆಯಲ್ಲಿ ಎರಡು ವರ್ಷದ ಮಗನೂ ಇದ್ದ. ಮಗುವನ್ನು ಬಿಟ್ಟು ದೂರದ ಊರಿಗೆ ಶೂಟಿಂಗಿಗೆ ಹೋಗುವ ಮನಸ್ಸಿರಲಿಲ್ಲ, ಕೆಲಸವನ್ನು ಬಿಟ್ಟು ಕೂರುವ ಮನಸ್ಸಂತೂ ಮೊದಲೇ ಇರಲಿಲ್ಲ.

ಅದೇ ಹೊತ್ತಿಗೆ ಝಡ್‌ಡಿಎಫ್ ಎಂಬ ಜರ್ಮನ್ ಟೆಲಿವಿಷನ್ ಸಂಸ್ಥೆಯಿಂದ ಒಂದು ಚಿತ್ರ ಮಾಡಿಕೊಡಿ ಎಂಬ ಕರೆ ಬಂತು. ವಾರ್ದಾ ತಮಗೆ ತಾವೇ ಒಂದು ನಿಯಮ ಹಾಕಿಕೊಂಡರು. ದೀಪಗಳಿಗೆ ಬೇಕಾದ ಕರೆಂಟನ್ನು ತಮ್ಮ ಮನೆಯಿಂದಲೇ ಎಳೆಯುವುದು, ತಂತಿ ಎಲ್ಲಿಗೆ ಮುಟ್ಟುತ್ತದೋ ಅಲ್ಲಿಯವರೆಗೆ ಮಾತ್ರ ಶೂಟಿಂಗ್ ಮಾಡುವುದು. ತಂತಿಯ ಉದ್ದ ಸುಮಾರು 80ರಿಂದ 90 ಮೀಟರ್. ಅದರೊಳಗೆ ಬಂದ ಅಂಗಡಿಗಳೇ ಪಾತ್ರಗಳು, ಅದರಾಚೆಗಿನ ಪ್ಯಾರಿಸ್ ಚಿತ್ರಕ್ಕೆ ಇಲ್ಲ. ಆ ತಂತಿಯನ್ನು ಅವರು ಹೊಕ್ಕುಳಬಳ್ಳಿಗೆ ಹೋಲಿಸುತ್ತಿದ್ದರು. ಹೀಗೆ ತಯಾರಾದ ಚಿತ್ರವೇ ‘ದಗೇರೊಟೈಪ್’.

ಈ ತಂತಿಯ ಕಥೆ ಓದಿದಾಗ ನನಗೆ ಲಾಕ್‌ಡೌನ್ ದಿನಗಳು ನೆನಪಾದವು. ವೈಫೈ ಎಲ್ಲಿ ಸಿಗುತ್ತದೋ ಅಲ್ಲೇ ಆಫೀಸು, ಅಡುಗೆಮನೆಯ ಕುಕ್ಕರ್ ಕೂಗು ಕೇಳಿಸುವಷ್ಟು ಹತ್ತಿರದಲ್ಲೇ ಮೀಟಿಂಗು. ಆದರೆ ನಾವು ಸಿಕ್ಕಿಬಿದ್ದೆವು ಎಂದುಕೊಂಡೆವು. ವಾರ್ದಾ ತಂತಿಯ ಉದ್ದವನ್ನೇ ಚಿತ್ರದ ಆಕಾರ ಮಾಡಿಕೊಂಡರು. ಅವರ ಅರವತ್ತೈದು ವರ್ಷಗಳ ವೃತ್ತಿಯನ್ನು ಮೊದಲಿನಿಂದ ನೋಡುತ್ತಾ ಹೋದರೆ, ಈ ಬುದ್ಧಿ ಒಂದು ದಿನದ್ದಲ್ಲ ಎಂದು ಗೊತ್ತಾಗುತ್ತದೆ.

ಅವರು ಹುಟ್ಟಿದ್ದು 1928ರ ಮೇ 30ರಂದು, ಬೆಲ್ಜಿಯಂನ ಬ್ರಸೆಲ್ಸ್ ನಗರಕ್ಕೆ ಸೇರಿದ ಈಕ್ಸೆಲ್‌ನಲ್ಲಿ. ತಂದೆ ಗ್ರೀಕ್, ತಾಯಿ ಫ್ರೆಂಚ್. ಇಟ್ಟ ಹೆಸರು ಆರ್ಲೆಟ್; ಹದಿನೆಂಟರ ಹೊತ್ತಿಗೆ ಅದನ್ನು ಬಿಟ್ಟು ಆನ್ಯೆಸ್ ಎಂಬ ಹೆಸರನ್ನು ತಾವೇ ಆರಿಸಿಕೊಂಡರು. 1940ರಲ್ಲಿ ಯುದ್ಧಕ್ಕೆ ಹೆದರಿ ಊರು ಬಿಟ್ಟ ಕುಟುಂಬ ದಕ್ಷಿಣ ಫ್ರಾನ್ಸಿನ ಸೆತ್ ಎಂಬ ಬಂದರು ಊರಿಗೆ ಬಂದು ದೋಣಿಯೊಂದರಲ್ಲಿ ಬದುಕು ಹೂಡಿತು. ಮುಂದೆ ಪ್ಯಾರಿಸ್ಸಿನಲ್ಲಿ ಕಲೆಯ ಇತಿಹಾಸ ಓದಿ, ಫೋಟೋಗ್ರಫಿ ಕಲಿತು, ಜ್ಯಾಂ ವಿಲಾರ್ ಅವರ ರಾಷ್ಟ್ರೀಯ ಜನರಂಗಭೂಮಿಗೆ ಫೋಟೋಗ್ರಾಫರ್ ಆದರು. ಹತ್ತು ವರ್ಷ ಆ ಕೆಲಸವೇ ಅವರ ಅನ್ನ. ಆ ಕಾಲದ ದೊಡ್ಡ ರಂಗನಟರ ಎಷ್ಟೋ ಹೆಸರಾಂತ ಫೋಟೋಗಳು ವಾರ್ದಾ ತೆಗೆದವು.

ಸಿನಿಮಾಕ್ಕೆ ಬಂದದ್ದು ಮಾತ್ರ ಯಾವ ಸಿದ್ಧತೆಯೂ ಇಲ್ಲದೆ. ಇಪ್ಪತ್ತೈದರ ಹೊತ್ತಿಗೆ ಅವರು ನೋಡಿದ್ದ ಚಿತ್ರಗಳನ್ನು ಬೆರಳಲ್ಲಿ ಎಣಿಸಬಹುದಿತ್ತಂತೆ. ಫಿಲ್ಮ್ ಶಾಲೆಗೆ ಹೋಗಲಿಲ್ಲ, ಯಾರ ಕೈಕೆಳಗೂ ಸಹಾಯಕಿಯಾಗಿ ದುಡಿಯಲಿಲ್ಲ. ತಂದೆಯಿಂದ ಬಂದ ಸ್ವಲ್ಪ ಹಣ, ಒಂದಿಷ್ಟು ಸಾಲ ಸೇರಿಸಿ 1954ರಲ್ಲಿ ಬಾಲ್ಯದ ಸೆತ್ ಊರಿಗೇ ಹೋದರು. ಅಲ್ಲಿನ ಬೆಸ್ತರ ಕೇರಿಯ ಹೆಸರು ‘ಲ ಪ್ವಾಂತ್ ಕೂರ್ತ್’. ಅದೇ ಚಿತ್ರದ ಹೆಸರೂ ಆಯಿತು. ನಟರಿಗೂ ತಂತ್ರಜ್ಞರಿಗೂ ಆಗ ಸಂಬಳ ಕೊಡಲಾಗಲಿಲ್ಲ. ಎಲ್ಲರೂ ಸೇರಿ ಸಹಕಾರಿ ಪದ್ಧತಿಯಲ್ಲಿ ಪಾಲುದಾರರಾದರು, ದುಡ್ಡು ಬಂದಾಗ ಹಂಚಿಕೊಳ್ಳುವುದು ಎಂಬ ಒಪ್ಪಂದ. ಚಿತ್ರದಲ್ಲಿ ಎರಡು ಎಳೆಗಳಿವೆ. ಒಂದರಲ್ಲಿ ಕೊಳಕಾದ ನೀರಿನಲ್ಲಿ ಕಪ್ಪೆಚಿಪ್ಪು ಹಿಡಿಯಬಾರದೆನ್ನುವ ಆರೋಗ್ಯ ಇಲಾಖೆಯವರ ಜೊತೆ ಬೆಸ್ತರ ಹಗ್ಗಜಗ್ಗಾಟ. ಇನ್ನೊಂದರಲ್ಲಿ ಬೇರೆಯಾಗಬೇಕೋ ಬೇಡವೋ ಎಂದು ಮಾತಾಡುತ್ತಾ ಅದೇ ಕೇರಿಯಲ್ಲಿ ಅಲೆಯುವ ಗಂಡಹೆಂಡತಿ. ಎರಡೂ ಕೊನೆಯವರೆಗೆ ಬೆರೆಯುವುದಿಲ್ಲ. ಅಮೆರಿಕದ ಕಾದಂಬರಿಕಾರ ಫಾಕ್ನರ್ ಒಂದು ಕಾದಂಬರಿಯಲ್ಲಿ ಹೀಗೆ ಎರಡು ಕಥೆಗಳನ್ನು ಅಧ್ಯಾಯಕ್ಕೊಂದರಂತೆ ಹೆಣೆದಿದ್ದನ್ನು ಓದಿ ಈ ಯೋಚನೆ ಬಂದಿತ್ತು.

ಎಡಿಟಿಂಗ್ ಮಾಡಿದವರು ಮುಂದೆ ತಾವೇ ದೊಡ್ಡ ನಿರ್ದೇಶಕರಾದ ಆಲ್ಯಾಂ ರೆನೆ. ಇದು ತಾನು ಮಾಡಬೇಕೆಂದಿರುವ ಚಿತ್ರಕ್ಕೆ ತೀರ ಹತ್ತಿರವಿದೆ ಎಂದು ಅವರು ಮೊದಲು ಹಿಂಜರಿದರಂತೆ. ಫ್ರೆಂಚ್ ಸಿನಿಮಾದ ‘ಹೊಸ ಅಲೆ’ ಎಂದು ನಾವು ಓದುವ ಚಳವಳಿಯ ಹೆಗ್ಗುರುತು ಚಿತ್ರಗಳೆಂದರೆ ತ್ರೂಫೋ ಅವರ ‘400 ಬ್ಲೋಸ್’ (1959), ಗೊದಾರ್ ಅವರ ‘ಬ್ರೆತ್‌ಲೆಸ್’ (1960). ವಾರ್ದಾ ಅವರ ಚಿತ್ರ ತಯಾರಾದದ್ದು ಇವೆರಡಕ್ಕೂ ನಾಲ್ಕೈದು ವರ್ಷ ಮುಂಚೆ. ಸ್ಟುಡಿಯೋ ಬಿಟ್ಟು ನಿಜವಾದ ಜಾಗ, ಕಡಿಮೆ ದುಡ್ಡು, ದೊಡ್ಡ ತಾರೆಗಳಿಲ್ಲ, ಸ್ಥಳೀಯರೇ ಪಾತ್ರಧಾರಿಗಳು: ಹೊಸ ಅಲೆಯವರನ್ನು ಯಾವುದಕ್ಕೆ ಹೊಗಳುತ್ತೇವೋ ಅವೆಲ್ಲ ಅಲ್ಲಿವೆ. ಹೀಗಾಗಿ ಅವರಿಗೆ ಇನ್ನೂ ಮೂವತ್ತರ ಆಸುಪಾಸಿನಲ್ಲೇ ‘ಹೊಸ ಅಲೆಯ ಅಜ್ಜಿ’ ಎಂಬ ಬಿರುದು ಅಂಟಿತು. ಪ್ರೀತಿಯಿಂದಲೇ ಕೊಟ್ಟಿರಬಹುದು. ನನಗಂತೂ ಅದು ಹಿಡಿಸುವುದಿಲ್ಲ. ತ್ರೂಫೋ, ಗೊದಾರ್ ಇಬ್ಬರಿಗೂ ಅವರಿಗೂ ವಯಸ್ಸಿನ ಅಂತರ ನಾಲ್ಕು ವರ್ಷವೂ ಇಲ್ಲ. ಮೊದಲು ದಾರಿ ಮಾಡಿದ ಗಂಡಸಾಗಿದ್ದರೆ ಅವನನ್ನು ಮುಂದಾಳು ಎನ್ನುತ್ತಿದ್ದೆವು, ಅಜ್ಜ ಎನ್ನುತ್ತಿರಲಿಲ್ಲ.

ಹೊಗಳಿಕೆ ಬಂದರೂ ಆ ಚಿತ್ರದಿಂದ ಕಾಸು ಬರಲಿಲ್ಲ. ಎರಡನೇ ಕಥಾಚಿತ್ರಕ್ಕೆ ಏಳು ವರ್ಷ ಹಿಡಿಯಿತು. ನಡುವೆ ಪ್ರವಾಸೋದ್ಯಮ ಇಲಾಖೆಗೆ ಕೋಟೆಗಳ ಬಗ್ಗೆ, ಕಡಲತೀರದ ಬಗ್ಗೆ ಕಿರುಚಿತ್ರ ಮಾಡಿಕೊಟ್ಟರು. ಅವುಗಳ ನಡುವೆ, 1958ರಲ್ಲಿ, ಮೊದಲ ಮಗಳು ರೋಸಾಲಿ ಹೊಟ್ಟೆಯಲ್ಲಿದ್ದಾಗ ತಮಗಾಗಿ ಮಾಡಿಕೊಂಡದ್ದು ‘ಲೋಪೆರಾ ಮುಫ್’ ಎಂಬ ಹದಿನೇಳು ನಿಮಿಷದ ಚಿತ್ರ. ಬಸುರಿಯೊಬ್ಬಳ ದಿನಚರಿ ಎಂಬ ಅಡಿಬರಹವೇ ಇದೆ. ಮುಫ್ತಾರ್ ಬೀದಿಯ ಸಂತೆಗೆ ಮಡಚುವ ಕುರ್ಚಿಯೊಂದನ್ನು ಹೊತ್ತುಕೊಂಡು ಹೋಗಿ, ಅದರ ಮೇಲೆ ನಿಂತು, ಬಂದುಹೋಗುವವರ ಮುಖಗಳನ್ನು ಸೆರೆಹಿಡಿದರು. ಮುದುಕರು, ಕುಡುಕರು, ಸೋತವರು. ಇವರೂ ಒಂದು ಕಾಲಕ್ಕೆ ಯಾರದೋ ಹೊಟ್ಟೆಯಲ್ಲಿದ್ದ ಮಕ್ಕಳೇ ಅಲ್ಲವೇ ಎಂಬ ಭಯ ಆ ಚಿತ್ರದ ತುಂಬ ಇದೆ. ತುಂಬಿದ ಬಸಿರನ್ನು ತೋರಿಸಿದ ಮರುಗಳಿಗೆಗೆ ಒಂದು ದೊಡ್ಡ ಕುಂಬಳಕಾಯಿಯನ್ನು ಕೊಯ್ದು ಒಳಗಿನ ತಿರುಳು ಬಗೆಯುವುದನ್ನು ತೋರಿಸುತ್ತಾರೆ. ಬಸುರಿಗೆ ಎಲ್ಲರೂ ಹರಸುವುದಷ್ಟೇ ನಮಗೆ ಗೊತ್ತು. ಅವಳ ಹೆದರಿಕೆಯನ್ನು ಹೀಗೆ ಮುಚ್ಚುಮರೆಯಿಲ್ಲದೆ ತೋರಿಸಿದ ಚಿತ್ರ ಅದಕ್ಕೂ ಮೊದಲು ಎಷ್ಟಿದ್ದೀತು!

ಅದೇ ವರ್ಷ ಒಂದು ಕಿರುಚಿತ್ರೋತ್ಸವದಲ್ಲಿ ನಿರ್ದೇಶಕ ಜಾಕ್ ದೆಮಿ ಅವರ ಪರಿಚಯವಾಯಿತು. 1962ರಲ್ಲಿ ಮದುವೆ. ದೆಮಿ ರೋಸಾಲಿಯನ್ನು ತಮ್ಮ ಮಗಳಾಗಿ ಸ್ವೀಕರಿಸಿದರು.

ಮದುವೆಯ ವರ್ಷವೇ ತೆರೆಗೆ ಬಂದ ‘ಕ್ಲಿಯೋ 5ರಿಂದ 7’ ವಾರ್ದಾ ಅವರನ್ನು ಲೋಕಕ್ಕೆ ಪರಿಚಯಿಸಿತು. ಇದರ ಹಿಂದೆಯೂ ದುಡ್ಡಿನ ಲೆಕ್ಕವೇ ಇದೆ. ಅವರ ಕೈಯಲ್ಲಿ ವೆನಿಸ್ ನಗರದಲ್ಲೂ ನಡೆಯುವ ದುಬಾರಿ ಕಥೆಯೊಂದಿತ್ತು. ನಿರ್ಮಾಪಕ ಬೊರ್‌ಗಾರ್, ಸಣ್ಣ ಖರ್ಚಿನದನ್ನು ಕಪ್ಪುಬಿಳುಪಿನಲ್ಲಿ ಮಾಡಿ ಎಂದರು. ಪ್ರಯಾಣದ ಖರ್ಚು ಬೇಡವೆಂದರೆ ಕಥೆ ಪ್ಯಾರಿಸ್ಸಿನಲ್ಲೇ ನಡೆಯಬೇಕು. ವೇಷಭೂಷಣ, ಸೆಟ್ಟುಗಳ ಖರ್ಚು ಬೇಡವೆಂದರೆ ಒಂದೇ ದಿನದಲ್ಲಿ ನಡೆಯಬೇಕು. ಹಾಗೆ ಹುಟ್ಟಿತು ಸುಮಾರು ಒಂದೂವರೆ ಗಂಟೆಯ ಕಥೆಯನ್ನು ಒಂದೂವರೆ ಗಂಟೆಯಲ್ಲೇ ಹೇಳುವ ಚಿತ್ರ. 1961ರ ಜೂನ್ 21, ಸಂಜೆ ಐದು. ಕ್ಲಿಯೋ ಎಂಬ ಗಾಯಕಿ ತನಗೆ ಕ್ಯಾನ್ಸರ್ ಇದೆಯೋ ಇಲ್ಲವೋ ಎಂಬ ಪರೀಕ್ಷೆಯ ಫಲಿತಾಂಶಕ್ಕಾಗಿ ಕಾಯುತ್ತಿದ್ದಾಳೆ. ಮೊದಲ ಅರ್ಧದಲ್ಲಿ ಎಲ್ಲರೂ ಅವಳನ್ನು ನೋಡುತ್ತಾರೆ, ಕನ್ನಡಿಯೂ ಸೇರಿ. ನಡುವೆ ಒಂದು ಹಾಡು ಹಾಡುತ್ತಾ ಅವಳಿಗೆ ಎಲ್ಲ ಸಾಕೆನಿಸುತ್ತದೆ. ತಲೆಯ ಮೇಲಿದ್ದ ವಿಗ್ ಕಿತ್ತೆಸೆದು, ಕಪ್ಪು ಬಟ್ಟೆ ತೊಟ್ಟು ಒಬ್ಬಳೇ ಬೀದಿಗೆ ಇಳಿಯುತ್ತಾಳೆ. ಅಲ್ಲಿಂದ ಮುಂದೆ ನೋಡುವವಳು ಅವಳು. ಉದ್ಯಾನದಲ್ಲಿ ಸಿಕ್ಕ ಸೈನಿಕನೊಬ್ಬ ಅದೇ ರಾತ್ರಿ ಆಲ್ಜೀರಿಯಾ ಯುದ್ಧಕ್ಕೆ ಹೊರಡುವವನು. ಸಾವಿನ ಭಯ ಇಬ್ಬರಿಗೂ ಇದೆ. ಬೆಂಚಿನ ಮೇಲಿನ ಆ ಮಾತುಕತೆಯಲ್ಲಿ ಆಗಿನ ಫ್ರಾನ್ಸು ಬಾಯಿಬಿಟ್ಟು ಹೇಳಲು ಅಂಜುತ್ತಿದ್ದ ಯುದ್ಧ ಮೆಲ್ಲಗೆ ಬಂದು ಕೂರುತ್ತದೆ. ರಿಪೋರ್ಟಿಗಾಗಿ ಆಸ್ಪತ್ರೆಯ ಕಾರಿಡಾರಿನಲ್ಲಿ ಕಾದ ಯಾರಿಗಾದರೂ ಈ ಚಿತ್ರ ಪರದೇಶದ್ದು ಎನಿಸದು.

1965ರ ‘ಲ ಬೊನೆರ್’ (ಸುಖ ಎಂದರ್ಥ) ಬಗ್ಗೆ ಹೇಳಲು ನನಗೆ ಇಂದಿಗೂ ಸ್ವಲ್ಪ ಇರುಸುಮುರುಸು. ಸೂರ್ಯಕಾಂತಿ, ಮೊಜಾರ್ಟ್ ಸಂಗೀತ, ಭಾನುವಾರದ ವನಭೋಜನ, ಬಡಗಿ ಗಂಡ, ಬಟ್ಟೆ ಹೊಲಿಯುವ ಹೆಂಡತಿ, ಮುದ್ದಾದ ಇಬ್ಬರು ಮಕ್ಕಳು. ಗಂಡನಿಗೆ ಅಂಚೆ ಕಚೇರಿಯ ಹುಡುಗಿಯೊಬ್ಬಳ ಮೇಲೂ ಪ್ರೀತಿ. ಸುಖ ಹೆಚ್ಚಾಯಿತಲ್ಲ ಎಂದು ಹೆಂಡತಿಗೇ ಹೇಳುತ್ತಾನೆ. ಹೆಂಡತಿ ಕೆರೆಯಲ್ಲಿ ಮುಳುಗಿ ಸಾಯುತ್ತಾಳೆ. ಕೆಲವು ತಿಂಗಳಲ್ಲಿ ಅಂಚೆಯ ಹುಡುಗಿ ಅದೇ ಅಡುಗೆಮನೆಗೆ ಬಂದು, ಅದೇ ಮಕ್ಕಳಿಗೆ ಬಟ್ಟೆ ತೊಡಿಸಿ, ಅದೇ ವನಭೋಜನಕ್ಕೆ ಹೊರಡುತ್ತಾಳೆ. ನಿರ್ದೇಶಕಿ ಒಂದೇ ಒಂದು ಬುದ್ಧಿಮಾತು ಹೇಳುವುದಿಲ್ಲ, ಬಣ್ಣಗಳೂ ಕಂದುವುದಿಲ್ಲ. ಆ ನಾಯಕನ ಪಾತ್ರ ಮಾಡಿದವರು ಟಿವಿ ಧಾರಾವಾಹಿಯೊಂದರಿಂದ ಮನೆಮಾತಾಗಿದ್ದ ಜ್ಯಾಂ ಕ್ಲೋದ್ ದ್ರೂವೊ. ಹೆಂಡತಿ, ಮಕ್ಕಳಾಗಿ ನಟಿಸಿದವರು ಅವರ ನಿಜವಾದ ಹೆಂಡತಿ, ಮಕ್ಕಳೇ! ಬರ್ಲಿನ್ ಉತ್ಸವದಲ್ಲಿ ಬೆಳ್ಳಿ ಕರಡಿ ಬಂತು, ಬೈಗುಳವೂ ಬಂತು. ಗಂಡನ ಪರ ಚಿತ್ರ ಎಂದವರಿದ್ದರು. ಮನೆಯಲ್ಲಿ ಹೆಂಡತಿಯ ಜಾಗವನ್ನು ಎಷ್ಟು ಸುಲಭವಾಗಿ ತುಂಬಿಬಿಡುತ್ತಾರೆ ಎಂದು ತೋರಿಸುವ ಇದಕ್ಕಿಂತ ಕಠೋರ ಚಿತ್ರವನ್ನು ನಾನು ನೋಡಿಲ್ಲ.

ಇನ್ನು ಟೆಲಿವಿಷನ್. ಫ್ರಾನ್ಸಿನ ಸರ್ಕಾರಿ ಟಿವಿಗೂ ವಾರ್ದಾ ಅವರಿಗೂ ಆದ ಸಂಬಂಧ ಅಷ್ಟು ಸಿಹಿಯಲ್ಲ. 1960ರ ದಶಕದ ಕೊನೆಯಲ್ಲಿ ದೆಮಿ ಅವರಿಗೆ ಹಾಲಿವುಡ್ಡಿನಲ್ಲಿ ಅವಕಾಶ ಬಂದು ಕುಟುಂಬ ಲಾಸ್ ಏಂಜಲೀಸಿಗೆ ಹೋಯಿತು. 1968ರಲ್ಲಿ ವಾರ್ದಾ ಓಕ್‌ಲೆಂಡಿಗೆ ಹೋಗಿ ಕಪ್ಪು ಜನರ ಹೋರಾಟದ ‘ಬ್ಲ್ಯಾಕ್ ಪ್ಯಾಂಥರ್ಸ್’ ಸಂಘಟನೆಯ ಬಗ್ಗೆ ಸಾಕ್ಷ್ಯಚಿತ್ರ ಮಾಡಿದರು. ಜೈಲಿನಲ್ಲಿದ್ದ ನಾಯಕ ಹ್ಯೂಯಿ ನ್ಯೂಟನ್ ಅವರ ಸಂದರ್ಶನ ಅದರಲ್ಲಿದೆ. ಕ್ಯಾಥ್ಲೀನ್ ಕ್ಲೀವರ್ ಎಂಬ ಹೆಣ್ಣುಮಗಳು, ನಾವು ನಮ್ಮ ಗುಂಗುರು ಕೂದಲನ್ನು ಇನ್ನು ಬಿಳಿಯರಂತೆ ನೇರ ಮಾಡಿಕೊಳ್ಳುವುದಿಲ್ಲ ಎಂದು ಹೇಳುವ ಮಾತೂ ಇದೆ. ಚಿತ್ರವನ್ನು ಫ್ರೆಂಚ್ ಟಿವಿ ತೋರಿಸಬೇಕಿತ್ತು. ಕೊನೆಯ ಗಳಿಗೆಯಲ್ಲಿ ಕೈಬಿಟ್ಟಿತು. ಅದೇ ವರ್ಷದ ಮೇ ತಿಂಗಳಲ್ಲಿ ಪ್ಯಾರಿಸ್ ವಿದ್ಯಾರ್ಥಿಗಳು ಬೀದಿಗಿಳಿದ ನೆನಪು ಇನ್ನೂ ಹಸಿಯಾಗಿತ್ತು. 1970ರಲ್ಲಿ ಟಿವಿಗಾಗಿಯೇ ಮಾಡಿದ ‘ನೌಸಿಕಾ’, ಗ್ರೀಸಿನ ಸೇನಾಡಳಿತದಿಂದ ತಪ್ಪಿಸಿಕೊಂಡು ಫ್ರಾನ್ಸಿಗೆ ಬಂದವರ ಕಥೆ. ತಂದೆಯ ನಾಡಿನ ನೋವು ಅದು. ಅದೂ ಪ್ರಸಾರವಾಗಲಿಲ್ಲ. ಅದರ ಒಂದು ಪ್ರತಿ ಹೇಗೋ ಉಳಿದದ್ದು ಬೆಲ್ಜಿಯಂನ ಚಿತ್ರಭಂಡಾರದಲ್ಲಿ. ಬರೆದು, ಚಿತ್ರಿಸಿ, ಮುಗಿಸಿಕೊಟ್ಟ ಕೆಲಸವನ್ನು ಇನ್ನೊಬ್ಬರು ಕಪಾಟಿನಲ್ಲಿಟ್ಟು ಬೀಗ ಹಾಕಬಲ್ಲರು ಎಂಬುದನ್ನು ಎರಡೇ ವರ್ಷದಲ್ಲಿ ಎರಡು ಸಲ ಕಂಡ ಮೇಲೆ, ತನ್ನ ಚಿತ್ರಗಳ ಹಕ್ಕು ತನ್ನಲ್ಲೇ ಇರಬೇಕು ಎಂಬ ಹಟ ಗಟ್ಟಿಯಾಗಿದ್ದರೆ ಆಶ್ಚರ್ಯವಿಲ್ಲ.

1954ರಲ್ಲಿ ಮೊದಲ ಚಿತ್ರಕ್ಕಾಗಿ ಮಾಡಿದ್ದ ತಮಾರಿ ಫಿಲ್ಮ್ಸ್ ಎಂಬ ಸಣ್ಣ ಕಂಪನಿಗೆ ಅವರು ಮತ್ತೆ ಜೀವ ಕೊಟ್ಟದ್ದು ಈ ಹಿನ್ನೆಲೆಯಲ್ಲೇ. ‘ದಗೇರೊಟೈಪ್’ ಹೊತ್ತಿಗೆ ಅದು ‘ಸಿನೆ ತಮಾರಿ’ ಆಯಿತು. ಆಫೀಸು ಬೇರೆಲ್ಲೂ ಅಲ್ಲ, ಅದೇ ದಗೇರ್ ಬೀದಿಯಲ್ಲಿ. ಎಡಿಟಿಂಗ್ ಕೋಣೆಯೂ ಅಲ್ಲೇ.

ತಂತಿಯ ಚಿತ್ರಕ್ಕೆ ಮರಳುತ್ತೇನೆ, ಏಕೆಂದರೆ ಅದು ನನ್ನ ಮೆಚ್ಚಿನದು. ಅದರ ಕ್ಯಾಮೆರಾ ಹಿಡಿದವರಲ್ಲಿ ಮುಖ್ಯರಾದವರು ನೂರಿತ್ ಅವಿವ್, ಫ್ರಾನ್ಸಿನಲ್ಲಿ ಛಾಯಾಗ್ರಹಣ ನಿರ್ದೇಶಕಿ ಎಂಬ ಅಧಿಕೃತ ಮನ್ನಣೆ ಪಡೆದ ಮೊದಲ ಮಹಿಳೆ. ಕ್ಯಾಮೆರಾ ಅಂಗಡಿಯೊಳಗೆ ಹೋಗಿ ಸುಮ್ಮನೆ ನಿಲ್ಲುತ್ತದೆ. ಗಿರಾಕಿ ಬರುತ್ತಾರೆ, ಒಂದು ಬ್ರೆಡ್ಡು, ಎರಡು ತುಂಡು ಮಾಂಸ, ಚಿಲ್ಲರೆ, ನಮಸ್ಕಾರ. ಗಿರಾಕಿ ಇಲ್ಲದಾಗ ಅಂಗಡಿಯವರು ಕಾಯುತ್ತಾರೆ, ಕ್ಯಾಮೆರಾವೂ ಕಾಯುತ್ತದೆ. ‘ನೀಲಿ ಮುಳ್ಳುಹೂವು’ ಎಂದರ್ಥ ಬರುವ ಹೆಸರಿನ ಅತ್ತರಿನಂಗಡಿಯಲ್ಲಿ ಒಂದು ಮುದಿ ದಂಪತಿ. ಗಂಡ ಸಣ್ಣ ಸೀಸೆಗಳಿಗೆ ಸುಗಂಧ ಬೆರೆಸಿ ತುಂಬುತ್ತಾನೆ. ಹೆಂಡತಿಗೆ ಮರೆವು. ದಿನವೂ ಸಂಜೆ ದೀಪ ಹಚ್ಚುವ ಹೊತ್ತಿಗೆ ಅವಳಿಗೆ ಎಲ್ಲಿಗೋ ಹೊರಡಬೇಕೆನಿಸುತ್ತದೆ. ಬಾಗಿಲವರೆಗೆ ಬರುತ್ತಾಳೆ, ಹೊರಗೆ ನೋಡುತ್ತಾಳೆ, ಮತ್ತೆ ಒಳಗೆ ಹೋಗುತ್ತಾಳೆ. ಗಂಡ ಏನೂ ಅನ್ನುವುದಿಲ್ಲ. ಮನೆಯಲ್ಲಿ ಹಿರಿಯರ ಮರೆವನ್ನು ಕಂಡವರು ಈ ದೃಶ್ಯವನ್ನು ಎರಡನೇ ಸಲ ನೋಡಲಾರರು, ಅಥವಾ ನನ್ನ ಹಾಗೆ ಮತ್ತೆ ಮತ್ತೆ ನೋಡುತ್ತಾರೆ.

ನಡುವೆ ಬೀದಿಯವರೆಲ್ಲ ಸೇರಿ ಕೆಫೆಯಲ್ಲಿ ಜಾದೂಗಾರನೊಬ್ಬನ ಪ್ರದರ್ಶನ ನೋಡುತ್ತಾರೆ. ಅವನು ಕತ್ತಿ ಹಿಡಿದರೆ ಮಾಂಸದಂಗಡಿಯವನ ಕತ್ತಿ ಕಾಣುತ್ತದೆ. ಅವನ ಕೈಚಳಕದ ಪಕ್ಕಕ್ಕೆ ಬೀದಿಯವರ ದಿನನಿತ್ಯದ ಕೈಚಳಕ. ವಾರ್ದಾ ಒಬ್ಬೊಬ್ಬರನ್ನೂ ಕೇಳುತ್ತಾರೆ: ಎಲ್ಲಿಂದ ಬಂದಿರಿ, ಹೆಂಡತಿಯ ಪರಿಚಯ ಹೇಗಾಯಿತು, ರಾತ್ರಿ ಕನಸು ಬೀಳುತ್ತದೆಯೇ. ಬಹುಪಾಲು ಮಂದಿ ಹಳ್ಳಿಗಳಿಂದ ಬಂದವರು. ಕನಸಿನಲ್ಲೂ ಹಲವರಿಗೆ ಕೆಲಸವೇ. ಹುಟ್ಟೂರು ಬಿಟ್ಟು ದೊಡ್ಡ ಶಹರದಲ್ಲಿ ಅಂಗಡಿ, ಹೋಟೆಲು, ನೌಕರಿ ಕಟ್ಟಿಕೊಂಡ ನಮ್ಮಂಥ ಸಂಘದವರಿಗೆ ಈ ಉತ್ತರಗಳು ಹೊಸತೇನಲ್ಲ.

ಅವರ ಸ್ತ್ರೀವಾದದ ಬಗ್ಗೆ ಕೆಲವೇ ಮಾತು. 1971ರಲ್ಲಿ, ಗರ್ಭಪಾತ ಫ್ರಾನ್ಸಿನಲ್ಲಿ ಅಪರಾಧವಾಗಿದ್ದಾಗ, ನಾವೂ ಮಾಡಿಸಿಕೊಂಡಿದ್ದೇವೆ ಎಂದು 343 ಮಹಿಳೆಯರು ಸಹಿ ಹಾಕಿ ಪತ್ರಿಕೆಯಲ್ಲಿ ಪ್ರಕಟಿಸಿದ ಹೇಳಿಕೆಯಲ್ಲಿ ವಾರ್ದಾ ಹೆಸರೂ ಇದೆ. ಜೈಲಿಗೆ ಕಳಿಸಬಹುದಾದ ಸಹಿ ಅದು. ಕಾನೂನು ಬದಲಾದದ್ದು 1975ರಲ್ಲಿ. ಅದೇ ವರ್ಷ ಟಿವಿ ವಾಹಿನಿಯೊಂದು ಹೆಣ್ಣು ಎಂದರೇನು ಎಂಬ ಪ್ರಶ್ನೆಗೆ ಚಿಕ್ಕ ಉತ್ತರ ಕೊಡಿ ಎಂದು ಕೇಳಿದಾಗ ಎಂಟು ನಿಮಿಷದ ‘ಹೆಂಗಸರ ಉತ್ತರ’ ಮಾಡಿದರು. 1977ರ ‘ಒಬ್ಬಳು ಹಾಡುತ್ತಾಳೆ, ಇನ್ನೊಬ್ಬಳು ಇಲ್ಲ’ ಇಬ್ಬರು ಗೆಳತಿಯರ ಹದಿನಾಲ್ಕು ವರ್ಷಗಳ ಸ್ನೇಹದ ಕಥೆ. ಗಂಡಸರು ಬಂದುಹೋಗುತ್ತಾರೆ, ಸ್ನೇಹ ಪತ್ರಗಳಲ್ಲಿ ಉಳಿಯುತ್ತದೆ. ಹಾಡುಗಳು ಈಗ ಸ್ವಲ್ಪ ಘೋಷಣೆಯಂತೆ ಕೇಳಿಸುತ್ತವೆ. ಪತ್ರಗಳು ಮಾತ್ರ ಹಳತಾಗಿಲ್ಲ.

ಬರಹಗಾರ್ತಿ ವಾರ್ದಾ ಬಗ್ಗೆ ಹೇಳದಿದ್ದರೆ ತಪ್ಪಾದೀತು. ಚಿತ್ರಕಥೆ ಬರೆಯುವುದಷ್ಟೇ ಬರವಣಿಗೆ ಎಂದು ಅವರು ಒಪ್ಪುತ್ತಿರಲಿಲ್ಲ. ಯಾವ ಜಾಗ, ಯಾವ ಋತು, ಯಾವ ಮುಖ, ಕ್ಯಾಮೆರಾ ಎಷ್ಟು ವೇಗವಾಗಿ ಸರಿಯಬೇಕು, ಎಲ್ಲಿ ಕತ್ತರಿಸಬೇಕು, ಸಂಗೀತ ಎಲ್ಲಿ ನಿಲ್ಲಬೇಕು ಇವೆಲ್ಲ ಸೇರಿ ಬರವಣಿಗೆ. ಇದಕ್ಕೆ ‘ಸಿನೆಕ್ರಿತ್ಯೂರ್’ ಎಂಬ ಹೊಸ ಪದವನ್ನೇ ಕಟ್ಟಿ, ಚಿತ್ರದ ಹೆಸರುಪಟ್ಟಿಯಲ್ಲೂ ಹಾಗೇ ಹಾಕಿಕೊಂಡರು. ಕನ್ನಡದಲ್ಲಿ ಸಿನಿಬರಹ ಎನ್ನಬಹುದೇನೋ.

ಮುನಿಸಿಕೊಂಡು ಟಿವಿಯನ್ನು ದೂರ ಇಡಲಿಲ್ಲ ಎಂಬುದೂ ಗಮನಿಸಬೇಕಾದದ್ದೇ. 1983ರಲ್ಲಿ ‘ಒಂದು ಚಿತ್ರಕ್ಕೆ ಒಂದು ನಿಮಿಷ’ ಎಂಬ 170 ಪುಟ್ಟ ಕಂತುಗಳ ಸರಣಿ ಮಾಡಿದರು. ತೆರೆಯ ಮೇಲೆ ಒಂದೇ ಒಂದು ಸ್ಥಿರಚಿತ್ರ. ಅದನ್ನು ನೋಡುತ್ತಾ ಒಂದು ದನಿ ತನಗೆ ಅನಿಸಿದ್ದನ್ನು ಹೇಳುತ್ತದೆ. ಆ ದನಿ ಒಂದು ದಿನ ಲೇಖಕರದು, ಇನ್ನೊಂದು ದಿನ ಸಾಮಾನ್ಯರದು. ಯಾರು ತೆಗೆದ ಫೋಟೋ, ಯಾರು ಮಾತಾಡಿದ್ದು ಎಂದು ಕೊನೆಯಲ್ಲಷ್ಟೇ ತಿಳಿಯುತ್ತದೆ. ದೊಡ್ಡ ಹೆಸರು ಮೊದಲೇ ಗೊತ್ತಾದರೆ ಕಣ್ಣು ತಾನಾಗಿ ನೋಡುವುದಿಲ್ಲವಲ್ಲ.

1985ರ ‘ಸಾಂ ತ್ವಾ ನಿ ಲ್ವಾ’ ಇಂಗ್ಲಿಷಿನಲ್ಲಿ ‘ವ್ಯಾಗಬಾಂಡ್’. ಚಳಿಗಾಲದ ಬೆಳಗ್ಗೆ ದ್ರಾಕ್ಷಿತೋಟದ ಪಕ್ಕದ ಹಳ್ಳದಲ್ಲಿ ಮೋನಾ ಎಂಬ ಹುಡುಗಿ ಹೆಪ್ಪುಗಟ್ಟಿ ಸತ್ತು ಬಿದ್ದಿದ್ದಾಳೆ. ಅವಳನ್ನು ಕಂಡಿದ್ದವರು ಒಬ್ಬೊಬ್ಬರಾಗಿ ಅವಳ ಬಗ್ಗೆ ಹೇಳುತ್ತಾರೆ. ಸೆಕ್ರೆಟರಿ ಕೆಲಸ ಬಿಟ್ಟು ಬೆನ್ನಿಗೆ ಚೀಲ ಏರಿಸಿ ಹೊರಟವಳು. ಥ್ಯಾಂಕ್ಸ್ ಹೇಳುವುದಿಲ್ಲ, ಸ್ನಾನ ಮಾಡುವುದಿಲ್ಲ, ಕೊಟ್ಟ ಕೆಲಸ ಮಾಡುವುದಿಲ್ಲ. ಪ್ರೇಕ್ಷಕರ ಕನಿಕರ ಗಿಟ್ಟಿಸುವ ಒಂದು ಗುಣವನ್ನೂ ವಾರ್ದಾ ಅವಳಿಗೆ ಕೊಡಲಿಲ್ಲ. ಹದಿನೆಂಟು ದಾಟಿದ ಸಾಂದ್ರಿನ್ ಬೊನೆರ್ ಆ ಪಾತ್ರಕ್ಕೆ ಫ್ರಾನ್ಸಿನ ಶ್ರೇಷ್ಠ ನಟಿ ಪ್ರಶಸ್ತಿ ಪಡೆದರು. ಚಿತ್ರಕ್ಕೆ ವೆನಿಸ್ ಉತ್ಸವದ ಚಿನ್ನದ ಸಿಂಹ.

1990ರ ಅಕ್ಟೋಬರ್‌ನಲ್ಲಿ ದೆಮಿ ತೀರಿಕೊಂಡರು. ಅವರ ಕಾಯಿಲೆಯ ದಿನಗಳಲ್ಲೇ, ಅವರು ಬರೆದಿಟ್ಟಿದ್ದ ಬಾಲ್ಯದ ನೆನಪುಗಳನ್ನು ವಾರ್ದಾ ‘ಜಾಕೊ ದ ನಾಂತ್’ ಚಿತ್ರವಾಗಿಸಿದರು. ಗ್ಯಾರೇಜು ನಡೆಸುವವನ ಮಗನೊಬ್ಬ ಸಿನಿಮಾದ ಹುಚ್ಚು ಹಿಡಿಸಿಕೊಳ್ಳುವ ಕಥೆ. ನಡುನಡುವೆ ಕ್ಯಾಮೆರಾ ನಿಜವಾದ ದೆಮಿ ಅವರ ಕೈ, ಕೂದಲು, ಚರ್ಮದ ಮೇಲೆ ತೀರ ಹತ್ತಿರದಿಂದ ಸರಿಯುತ್ತದೆ. ದೆಮಿ ಅವರಿಗೆ ಇದ್ದದ್ದು ಏಡ್ಸ್ ಎಂಬುದನ್ನು ವಾರ್ದಾ ಬಹಿರಂಗವಾಗಿ ಹೇಳಿದ್ದು 2008ರಲ್ಲಿ. ಆ ಕಾಲದಲ್ಲಿ ಅದನ್ನು ಹೇಳಿಕೊಳ್ಳಲು ದೆಮಿ ಬಯಸಿರಲಿಲ್ಲ, ಅವರ ಇಚ್ಛೆಯನ್ನು ಕಾಪಾಡಿದೆ ಎಂದರು. 1995ರಲ್ಲಿ ಸಿನಿಮಾದ ನೂರು ವರ್ಷಕ್ಕೆಂದು ದೊಡ್ಡ ದೊಡ್ಡ ತಾರೆಯರನ್ನೆಲ್ಲ ಸೇರಿಸಿ ಮಾಡಿದ ‘ನೂರಾ ಒಂದು ರಾತ್ರಿಗಳು’ ನೆಲಕಚ್ಚಿತು. ಆ ಚಿತ್ರ ನನಗೂ ರುಚಿಸಲಿಲ್ಲ, ಅತಿಥಿಗಳೇ ಹೆಚ್ಚಾದ ಮದುವೆಮನೆಯಂತಿದೆ. ಅಷ್ಟು ಹೊತ್ತಿಗೆ ವಯಸ್ಸು ಅರವತ್ತೇಳು. ಇಲ್ಲಿಗೆ ಮುಗಿಯಿತು ಎಂದು ಬಹಳ ಜನ ಅಂದುಕೊಂಡಿರಬೇಕು.

ಆಗ ಅಂಗೈಯಲ್ಲಿ ಹಿಡಿಯುವ ಡಿಜಿಟಲ್ ಕ್ಯಾಮೆರಾ ಮಾರುಕಟ್ಟೆಗೆ ಬಂತು. ಈಗ ಗೋಡೆಯ ಪ್ಲಗ್ಗೂ ಬೇಡ, ತಂತಿಯೂ ಬೇಡ. ಒಂದು ಕೈಯಲ್ಲಿ ಕ್ಯಾಮೆರಾ ಹಿಡಿದು ಎಪ್ಪತ್ತರ ವಾರ್ದಾ ದೇಶ ಸುತ್ತಲು ಹೊರಟರು. 2000ದಲ್ಲಿ ಬಂದ ಆ ಚಿತ್ರದ ಹೆಸರು ‘ಲೆ ಗ್ಲನೆರ್ ಎ ಲ ಗ್ಲನೆಸ್’. ಇಂಗ್ಲಿಷಿನಲ್ಲಿ ಇದನ್ನು ಹೇಳಲು ಒದ್ದಾಡುತ್ತಾರೆ. ನಮಗೆ ಆ ಕಷ್ಟವಿಲ್ಲ: ಹಕ್ಕಲಾಯುವವರು ಮತ್ತು ಹಕ್ಕಲಾಯುವವಳು. ಸುಗ್ಗಿ ಮುಗಿದ ಹೊಲದಲ್ಲಿ ಬಿದ್ದ ತೆನೆ ಆಯುವುದಕ್ಕೆ ನಮ್ಮ ಹಳ್ಳಿಗಳಲ್ಲಿ ಹಕ್ಕಲು ಎಂಬ ಪದವೇ ಇದೆ. ಮಿಲೆ ಎಂಬ ಕಲಾವಿದ 1857ರಲ್ಲಿ ಬಿಡಿಸಿದ, ಮೂವರು ಹೆಂಗಸರು ಬಗ್ಗಿ ತೆನೆ ಆಯುವ ಚಿತ್ರವನ್ನು ಕ್ಯಾಲೆಂಡರಿನಲ್ಲಾದರೂ ನೀವು ನೋಡಿರುತ್ತೀರಿ. ಈಗ ಹಾಗೆ ಆಯುವವರು ಯಾರು ಎಂಬ ಪ್ರಶ್ನೆಯಿಂದ ವಾರ್ದಾ ಅವರ ಚಿತ್ರ ಶುರುವಾಗುತ್ತದೆ.

ಅಳತೆಗೆ ಸರಿಹೊಂದದ ಆಲೂಗಡ್ಡೆಗಳನ್ನು ಲಾರಿಗಟ್ಟಲೆ ಹೊಲಕ್ಕೆ ಸುರಿದುಹೋಗುತ್ತಾರೆ. ಅಂಗಡಿಗೆ ತೀರ ದೊಡ್ಡದು, ತೀರ ಸಣ್ಣದು, ಸೊಟ್ಟಗಿನದು ಬೇಡ. ಬಡವರು ಬಂದು ಚೀಲ ತುಂಬಿಕೊಳ್ಳುತ್ತಾರೆ. ಕಪ್ಪು ಗೌನು ತೊಟ್ಟ ವಕೀಲನೊಬ್ಬ ಹೊಲದ ನಡುವೆ ನಿಂತು, ಕಾನೂನಿನ ಪುಸ್ತಕ ಹಿಡಿದು, ಸುಗ್ಗಿಯ ನಂತರ ಆಯುವ ಹಕ್ಕನ್ನು 1554ರ ರಾಜಾಜ್ಞೆಯಿಂದಲೇ ಕೊಡಲಾಗಿದೆ ಎಂದು ವಿವರಿಸುತ್ತಾನೆ. ಪ್ಯಾರಿಸ್ಸಿನ ಸಂತೆ ಮುಗಿದ ಮೇಲೆ ಬಿದ್ದ ಸೊಪ್ಪು, ಹಣ್ಣು ಆಯ್ದು ಅಲ್ಲೇ ನಿಂತು ತಿನ್ನುವವನೊಬ್ಬ ಸಿಗುತ್ತಾನೆ. ಮಾತಾಡಿಸಿದರೆ ಉನ್ನತ ಶಿಕ್ಷಣ ಪಡೆದವನು, ಸಂಜೆ ವಲಸಿಗರಿಗೆ ಪುಕ್ಕಟೆಯಾಗಿ ಫ್ರೆಂಚ್ ಕಲಿಸುತ್ತಾನೆ. ರಾಶಿಯಲ್ಲಿ ವಾರ್ದಾ ಅವರಿಗೆ ಹೃದಯದ ಆಕಾರದ ಆಲೂಗಡ್ಡೆಯೊಂದು ಸಿಕ್ಕಿ ಮನೆಗೆ ತರುತ್ತಾರೆ. ಯಾರೋ ಬಿಸಾಡಿದ, ಮುಳ್ಳುಗಳಿಲ್ಲದ ಗಡಿಯಾರವೂ ಮನೆ ಸೇರುತ್ತದೆ. ಕಾಲ ಸರಿಯುವುದು ಕಾಣದ ಗಡಿಯಾರ ಅವರಿಗೆ ಹಿಡಿಸಿತು.

ಒಂದು ಕೈಯಿಂದ ಕ್ಯಾಮೆರಾ ಹಿಡಿದು ಇನ್ನೊಂದು ಕೈಯನ್ನು ಚಿತ್ರಿಸುವುದು ಈ ಚಿತ್ರದ ನಾನು ಮರೆಯಲಾಗದ ಭಾಗ. ಸುಕ್ಕು, ಕಲೆ, ಎದ್ದುಕಂಡ ನರ. ಮುದಿತನ ಅಲ್ಲಿದೆ, ಅವರು ಅದನ್ನೂ ಆಯ್ದುಕೊಳ್ಳುತ್ತಿದ್ದಾರೆ. ಇನ್ನೊಂದು ಕಡೆ ಕ್ಯಾಮೆರಾ ಆಫ್ ಮಾಡಲು ಮರೆತು, ತೂಗಾಡುವ ಲೆನ್ಸಿನ ಮುಚ್ಚಳ ತಾನಾಗಿ ಚಿತ್ರಿತವಾಗಿಬಿಟ್ಟಿದೆ. ಬೇರೆಯವರು ಕತ್ತರಿಸಿ ಎಸೆಯುತ್ತಿದ್ದರು. ಇವರು ಅದಕ್ಕೆ ಜಾಝ್ ಸಂಗೀತ ಹಾಕಿ ಕುಣಿಸಿದರು.

ಆಮೇಲಿನದು ನಿಮಗೆ ಗೊತ್ತಿರುವ ಖ್ಯಾತಿಯ ಕಾಲ. 2003ರಲ್ಲಿ ವೆನಿಸ್ ಕಲಾಪ್ರದರ್ಶನಕ್ಕೆ ಆಲೂಗಡ್ಡೆಯ ವೇಷ ತೊಟ್ಟು ಹೋದರು. 2008ರಲ್ಲಿ ಆತ್ಮಕಥೆಯಂಥ ‘ಆನ್ಯೆಸ್‌ಳ ಕಡಲತೀರಗಳು’, 2011ರಲ್ಲಿ ಆರ್ಟೆ ವಾಹಿನಿಗೆ ಐದು ಕಂತುಗಳ ಪ್ರವಾಸ ಸರಣಿ. 2015ರಲ್ಲಿ ಕಾನ್ ಉತ್ಸವದ ಗೌರವ ಚಿನ್ನದ ಗರಿ, 2017ರಲ್ಲಿ ಗೌರವ ಆಸ್ಕರ್. ಮಹಿಳಾ ನಿರ್ದೇಶಕಿಯೊಬ್ಬರಿಗೆ ಎರಡೂ ಸಂದದ್ದು ಅದೇ ಮೊದಲು. ಅದೇ 2017ರಲ್ಲಿ, ತಮಗಿಂತ ಐವತ್ತು ವರ್ಷಕ್ಕೂ ಹೆಚ್ಚು ಕಿರಿಯರಾದ ಜೆಆರ್ ಎಂಬ ಕಲಾವಿದರ ಜೊತೆ ವ್ಯಾನಿನಲ್ಲಿ ಹಳ್ಳಿ ಸುತ್ತಿ ‘ಮುಖಗಳು, ಊರುಗಳು’ ಮಾಡಿದರು. ಬಂದರಿನ ಕೆಲಸಗಾರರ ಹೆಂಡಂದಿರ ಚಿತ್ರಗಳನ್ನು ಕಂಟೇನರುಗಳ ಗೋಡೆಯಷ್ಟು ದೊಡ್ಡದಾಗಿ ಅಂಟಿಸುವ ದೃಶ್ಯಕ್ಕಾಗಿಯಾದರೂ ಅದನ್ನು ನೋಡಬೇಕು. ಅದು ಆಸ್ಕರ್ ಸ್ಪರ್ಧೆಗೆ ಬಂದಾಗ ಅವರಿಗೆ 89. ಸ್ಪರ್ಧಿಗಳ ಔತಣಕೂಟಕ್ಕೆ ತಾವು ಹೋಗದೆ, ರಟ್ಟಿನಲ್ಲಿ ಕತ್ತರಿಸಿದ ತಮ್ಮ ಆಳೆತ್ತರದ ಚಿತ್ರಗಳನ್ನು ಕಳಿಸಿಕೊಟ್ಟರು. ಹಾಲಿವುಡ್ಡಿನ ತಾರೆಯರು ಆ ರಟ್ಟಿನ ಅಜ್ಜಿಯ ಪಕ್ಕ ನಿಂತು ಫೋಟೋ ತೆಗೆಸಿಕೊಂಡರು.

2018ರ ಮೇ ತಿಂಗಳಲ್ಲಿ ಕಾನ್ ಉತ್ಸವದ ಮೆಟ್ಟಿಲುಗಳ ಮೇಲೆ 82 ಮಹಿಳೆಯರು ಒಟ್ಟಿಗೆ ನಿಂತರು. ಆ ಉತ್ಸವದ ಅಷ್ಟೂ ವರ್ಷಗಳಲ್ಲಿ ಸ್ಪರ್ಧೆಗೆ ಬಂದ ಮಹಿಳೆಯರ ಚಿತ್ರಗಳ ಸಂಖ್ಯೆ 82. ಅಂದು ಹೇಳಿಕೆ ಓದಿದವರಲ್ಲಿ ಒಬ್ಬರು ವಾರ್ದಾ.

ಕೊನೆಯ ಚಿತ್ರ ‘ಆನ್ಯೆಸ್ ಕಂಡ ವಾರ್ದಾ’ 2019ರ ಫೆಬ್ರವರಿಯಲ್ಲಿ ಬರ್ಲಿನ್‌ನಲ್ಲಿ ತೆರೆಕಂಡಿತು. ಟಿವಿಗಾಗಿ ಎರಡು ಭಾಗದಲ್ಲಿ ಮಾಡಿದ್ದು. ರಂಗದ ಮೇಲೆ ಕುರ್ಚಿಯಲ್ಲಿ ಕೂತು, ತಮ್ಮ ಒಂದೊಂದು ಚಿತ್ರ ಹೇಗೆ ತಯಾರಾಯಿತು ಎಂದು ಕಾಲೇಜು ಮಕ್ಕಳಿಗೆ ಪಾಠ ಹೇಳುವಂತೆ ಹೇಳುತ್ತಾ ಹೋಗುತ್ತಾರೆ. ಮನೆಯಿಂದ ಎಳೆದ ತಂತಿಯ ವಿಷಯವೂ ಅಲ್ಲಿ ಬರುತ್ತದೆ. ಮಾರ್ಚ್ 29ರಂದು ಅದೇ ದಗೇರ್ ಬೀದಿಯ ಮನೆಯಲ್ಲಿ ತೀರಿಕೊಂಡರು, ತೊಂಬತ್ತು ವರ್ಷವಾಗಿತ್ತು. ಅಲ್ಲಿಂದ ನಡೆದುಹೋಗುವಷ್ಟು ಹತ್ತಿರದ ಮೊಂಪಾರ್ನಾಸ್ ಸ್ಮಶಾನದಲ್ಲಿ ದೆಮಿ ಅವರ ಜೊತೆಗೇ ಮಣ್ಣು ಮಾಡಿದರು. ನೋಡಲು ಬರುವವರು ಹೂವಿನ ಜೊತೆ ಆಲೂಗಡ್ಡೆಗಳನ್ನೂ ಇಟ್ಟು ಹೋಗುತ್ತಾರೆ. ಸಿನೆ ತಮಾರಿಯನ್ನು ಈಗ ನಡೆಸುತ್ತಿರುವವರು ಮಗಳು ರೋಸಾಲಿ ಮತ್ತು ಮಗ ಮಾತ್ಯೂ, ಅಂದರೆ ಆ ತಂತಿಯ ಚಿತ್ರದ ಕಾಲಕ್ಕೆ ಎರಡು ವರ್ಷದವನಾಗಿದ್ದ ಹುಡುಗ.